ಬಟ್ಟಲ ಒಡಿಯೂ ಪಾದ್ರಿ

ನಂಬಬ್ಯಾಡ್ರಿ. ಮೊದಲ ಹೇಳಿಬಿಡ್ತೀನಿ, ನಾ ಈಗ ಬರಿಯೂದನ್ನ ನಂಬಿದ್ರ ನೀವ ಶಾಣ್ಯಾರಲ್ಲ. ನಂಬಲಿಲ್ಲ ಅಂದ್ರ ನಿಮಗ ಪಾದ್ರಿ ಕೆಲಸ ಹತ್ತಂಗಿಲ್ಲ. ಇದರಾಗ ಒಂದ ಮಾತು ಅಪ್ಪಟ ಸುಳ್ಳ ಐತಿ. ತಾಕತ್ತಿದ್ರ ಹಿಡೀರಿ. ಹಿಡಿಯಾಕ ಆಗಲಿಲ್ಲ ಅಂದ್ರ ಕಡೀಕ ನಾನ ಹೇಳತೀನಿ, ಮುದುಕನ ಮ್ಯಾಲೆ ಸಿಟ್ಟಾಗಬ್ಯಾಡ್ರಿ.

ಹಲ್ಲ ಗಟ್ಟಿ ಇದ್ದಾಗ ಈ ಕೆಲಸಕ್ಕ ಸೇರಿದೆ, ಹಲ್ಲ ಕಟ್ಟಿಸ್ಕೊಂಡು ಹೊರಗ ಬಂದೆ. ರೋಣ, ನರಗುಂದ, ಗಜೇಂದ್ರಗಡ, ಈ ಮೂರೂ ಕಡೆ ಪಾದ್ರಿ ಆಗಿದ್ದೆ. ನನ್ನಂಥಾ ಪಾದ್ರಿ ಅಲ್ಲಿ ಹಿಂದ ಬಂದಿದ್ದಿಲ್ಲ. ಮುಂದೂ ಬರಬಾರದು ಅಂತ ಸಭೆಯವರು ಮೊಣಕಾಲೂರಿ ಪ್ರಾರ್ಥನಾ ಮಾಡ್ಯಾರ, ನಾನ ಬಾಗಲ ಮರೀಗೆ ನಿಂತ ಕೇಳೇನಿ.

ಹೊಸದಾಗಿ ಈ ಕೆಲಸಕ್ಕ ಹೊಂಟ ಹುಡುಗೂರ, ಹುಡುಗ್ಯಾರ, ನಿಮಗ ಕಾಲೇಜಿನಾಗ ದೊಡ್ಡ ದೊಡ್ಡ ಶಬ್ದ ಕಲಿಸಿರ್ತಾರ. ಶೋಷಿತರು, ವಿಮೋಚನೆ, ಮಾನವ ಘನತೆ, ಸಾಮಾಜಿಕ ನ್ಯಾಯ. ನನಗೂ ಕಲಿಸಿದ್ರು. ಅವನ್ನೆಲ್ಲಾ ಟ್ರಂಕಿನಾಗ ಹಾಸಗಿ ಜೋಡಿ ಮಡಚಿಟ್ಟು ರೋಣದ ಬಸ್ ಸ್ಟ್ಯಾಂಡಿನಾಗ ಇಳದೆ. ಆಮ್ಯಾಲೆ ಗೊತ್ತಾತು, ಈ ಕೆಲಸದಾಗ ಬಾಯಿ ಬೇಕು ಖರೆ, ಆದ್ರ ಮಾತಾಡಾಕ ಅಲ್ಲ. ಉಣ್ಣಾಕ, ಕುಡಿಯಾಕ.

ರೋಣದ ಹಂತೇಲೆ ಇರೂ ಜಕ್ಕಲಿ ಊರಾಗ, ಹೊಲದಾಗ ಕೂಲಿ ಮಾಡೂ ಮಂದಿ ಕೇರಿಯೊಳಗ ನಮ್ಮ ಸಭೆಗೆ ಬರೂ ನಾಕೈದು ಮನಿ ಇದ್ವು. ಹೊಸಾ ಪಾದ್ರಿ, ಬಿಸಿ ರಕ್ತ. "ನಿಮ್ಮ ಮನ್ಯಾಗ ನಾ ಉಣ್ಣಾವ" ಅಂತ ಸಭಾದಾಗ ಎದಿ ಬಡ್ಕೊಂಡು ಸಾರಿದೆ. ಯಾರೂ ಉಣ್ಣಲಾರದ ಮನ್ಯಾಗ ನಾ ಉಂಡ್ರ ಸಮಾನತೆ ಬಂದ ಬಿಡತೈತಿ ಅಂತ ನನ್ನ ತಿಳುವಳಿಕಿ. ಮೊದಲನೇ ಮನ್ಯಾಗ ಹಸಿವಿತ್ತು, ನಾಕ ರೊಟ್ಟಿ ಹೊಡದೆ. ಎರಡನೇ ಮನ್ಯಾಗ ಎರಡು. ಮೂರನೇ ಮನ್ಯಾಗ ಅರ್ಧಾ ಮುರದು, "ಸಾಕವ್ವ" ಅಂದೆ. ಮುಗೀತ್ರಿ ಅಲ್ಲಿಗೆ.

ಆ ಮನಿ ಮುದುಕಿ ಸೊಂಟಕ್ಕ ಕೈ ಇಟ್ಟು ನಿಂತ್ಲು. "ಯಾಕ ಯಪ್ಪಾ, ನಮ್ಮ ಜ್ವಾಳ ಏನ ಬ್ಯಾರೆ ಹೊಲದಾಗ ಬೆಳದೇತೇನು? ಅವರ ಮನ್ಯಾಗ ನಾಕ, ನಮ್ಮ ಮನ್ಯಾಗ ಅರ್ಧಾ?"

"ಹೊಟ್ಟಿ ತುಂಬೇತಿ ಯವ್ವಾ."

"ಯಾರ ಮನ್ಯಾಗ ತುಂಬಿತು ಅಂತ ಕೇಳಾಕತ್ತೀನಿ!"

ಕೂತು ಮೂರೂವರಿ ರೊಟ್ಟಿ ಹೆಚ್ಚಿಗಿ ತಿಂದೆ. ಮರದಿವಸ ರೋಣದ ದವಾಖಾನ್ಯಾಗ ಮಲಗಿದ್ದೆ. ನೋಡಾಕ ಬಂದ ಆ ಮುದುಕಿ ಬುತ್ತಿ ಕಟ್ಕೊಂಡ ಬಂದಿದ್ಲು. ಸಮಾನತೆ ಅನ್ನೂದು ಭಾಳ ಜಡಾ ಪದಾರ್ಥ ಅಂತ ನಾ ಕಲತದ್ದು ಅವತ್ತ. ಹಂಗ ಪಚನ ಆಗಂಗಿಲ್ಲ.

ಆಮ್ಯಾಲೆ ನರಗುಂದ. ಶಿರೋಳದ ದಾರ್ಯಾಗ ಒಂದ ಛಾದ ಅಂಗಡಿ ಇತ್ತು. ಒಳಗ ಗಾಜಿನ ಗ್ಲಾಸು, ಹೊರಗ ತಟ್ಟಿ ಸಂದ್ಯಾಗ ಸಿಗಿಸಿದ ಒಂದ ಗ್ಲಾಸು. ಹೊರಗಿಂದು ಯಾರಿಗೆ ಅಂತ ನಿಮಗ ಬಿಡಿಸಿ ಹೇಳಬೇಕಾಗಿಲ್ಲ. ನಾ ಅಂದ್ಕೊಂಡೆ, ಇವತ್ತ ಈ ಊರಿಗೆ ಒಂದ ಪಾಠ ಆಗಬೇಕು. ಎಲ್ಲಾರೂ ನೋಡಾಕತ್ತಾಗ ಹೋಗಿ ಹೊರಗಿನ ಗ್ಲಾಸು ಹಿರದು, ತೊಳದು, ಮುಂದ ಹಿಡದು, "ಇದರಾಗ ಹಾಕಪ್ಪಾ ಛಾ!" ಅಂದೆ. ಗದ್ದಲ ಆಗತೈತಿ, ಯಾರರೆ ಕಾಲ ಹಿಡಿತಾರ, ಪಾದ್ರಿ ಕೈಯಾಗಿನ ಗ್ಲಾಸು ಕಸಗೋತಾರ ಅಂತ ಕಾದೆ.

ಅಂಗಡಿಯಾಂವ ಶಾಂತ ಛಾ ಸುರುವಿ ಅಂದ, "ಯಾಕ ಒದರ್ತೀರಿ ಪಾದ್ರಿಯವ್ರ? ನಿಮಗಂತ ಇಟ್ಟದ್ದ ಅದು."

ಎಂಥಾ ಮಾರಿ ಆಗಿರಬೇಕ್ರಿ ನಂದು! ನಮ್ಮಜ್ಜ ಕ್ರಿಸ್ತ ಆದಾಗಿಂದ ನಮಗ ಜಾತಿ ಇಲ್ಲ ಅಂತ ನಾವ ಹೇಳ್ಕೋತ ಬಂದೇವಿ. ಆದ್ರ ಆ ಛಾದವಂಗ ನಮ್ಮಜ್ಜನ ಅಜ್ಜನೂ ಗೊತ್ತಿದ್ದ. ಛಾ ಕುಡದು ಗ್ಲಾಸು ಚೀಲದಾಗ ಹಾಕ್ಕೊಂಡ ಬಂದೆ. ಮರದಿವಸ ತಟ್ಟಿ ಸಂದ್ಯಾಗ ಇನ್ನೊಂದ ಗ್ಲಾಸು ಇತ್ತು.

ನಮ್ಮ ಕೆಲಸದ ಪದ್ಧತಿ ಭಾಳ ಬದಲಾತ್ರಿ. ಮೊದಲ ಸೈಕಲ್ ಮ್ಯಾಲೆ ಹೋಗಿ ಎರಿ ಮಣ್ಣಾಗ ಬಿದ್ದು ಪ್ರಸಂಗ, ಅಂದ್ರ ಉಪದೇಶ, ಮಾಡ್ತಿದ್ದೆ. ಆಮ್ಯಾಲೆ ಫಟಫಟಿ ಮ್ಯಾಲೆ ಹೋಗಿ ಬೀಳತಿದ್ದೆ. ಈಗ ಎಲ್ಲೂ ಬೀಳಂಗಿಲ್ಲ, ಮೊಬೈಲಿನಾಗ ಮಾತಾಡಿ ಕಳಸೂದು. ಮಂದಿ ಅದನ್ನ ಕೇಳಲಾರದ ಹತ್ತ ಮಂದಿಗೆ ಮುಂದ ಕಳಸ್ತಾರ. ನನ್ನ ಪ್ರಸಂಗ ಹಿಂದೆಂದೂ ಇಷ್ಟ ದೂರ ಹೋಗಿದ್ದಿಲ್ಲ. ಆದ್ರ ನಾ ಹೇಳಬೇಕಂತ ಕುಂತದ್ದು ಗಜೇಂದ್ರಗಡದ ಮಾತು.

ಗಜೇಂದ್ರಗಡದಾಗ ನಮ್ಮದು ಸಣ್ಣ ಗುಡಿ, ಚರ್ಚಿಗೆ ನಾವು ಹಂಗ ಅಂತೀವಿ. ಗುಡ್ಡದ ಮ್ಯಾಲಿನ ಕರೆಂಟ್ ಮಾಡೂ ಗಾಳಿ ಪಂಖಾ ಕಿಡಕ್ಯಾಗಿಂದ ಕಾಣತಿದ್ವು. ಪ್ರಸಂಗ ಉದ್ದಾದ್ರ ಮಂದಿ ಅವನ್ನ ಎಣಸ್ತಿದ್ರು. ಹಳೇ ಕ್ರಿಸ್ತರು, ಮಾಸ್ತರಿಕಿ, ನರ್ಸ್ ಕೆಲಸ, ಆಫೀಸಿನ ಕೆಲಸ ಮಾಡೂ ಮನತನದವರು. ತಿಂಗಳಿಗೆ ಒಮ್ಮೆ ಪವಿತ್ರ ಭೋಜನ. ರೊಟ್ಟಿ ಮುರದು ನಾ ಕೊಡೂದು, ದ್ರಾಕ್ಷಿ ರಸದ ಬಟ್ಟಲ ಸಭೆಯ ಹಿರಿಯರು ಬೆಂಚಿಂದ ಬೆಂಚಿಗೆ ಒಯ್ಯೂದು. ಒಂದ ಬೆಳ್ಳಿ ಬಟ್ಟಲು. ಎಲ್ಲಾರೂ ಅದಕ್ಕ ಬಾಯಿ ಹಚ್ಚೂದು. ಕಡೀಕ ಹಿರಿಯರು ಕುಡದು ಮುಗಸೂದು. ರಸಾ ನಮ್ಮ ಮನ್ಯಾಕಿ ಕರೀ ದ್ರಾಕ್ಷಿ ಕುದಿಸಿ ಸೋಸಿ ಮಾಡ್ತಿದ್ಲು. ನಾ ಕದ್ದ ಕುಡಿತೀನಂತ ಕೀಲಿ ಹಾಕಿ ಇಡತಿದ್ಲು.

ಒಂದ ಐತವಾರ ಬಾಗಲದಾಗ ಒಬ್ಬಾಕಿ ನಿಂತಿದ್ಲು. ದುರ್ಗವ್ವ. ಪ್ಯಾಟಿ ಸಾಲಿನ ಕಸಾ ಹೊಡಿಯಾಕಿ. ಕಸಬರಿಗಿ ಹೊರಗ ಗ್ವಾಡಿಗೆ ಆನಿಸಿ, ಒಳಗ ಬರಲಾರದ, ಬಟ್ಟಲ ಬಾಯಿಂದ ಬಾಯಿಗೆ ಹೋಗೂದನ್ನ ಕಣ್ಣ ಪಿಳಕಸಲಾರದ ನೋಡಿದ್ಲು. ಆರಾಧನಿ ಮುಗದ ಮ್ಯಾಲೆ ನನ್ನ ಹಿಡದ್ಲು.

"ಯಪ್ಪಾ, ನಿಮ್ಮಲ್ಲಿ ಎಲ್ಲಾರೂ ಒಂದ ಬಟ್ಟಲದಾಗ ಕುಡೀತೀರೇನು?"

"ಮತ್ತ! ನಮ್ಮ ಸ್ವಾಮಿ ಹಂಗ ಕೊಟ್ಟು ಹೋಗ್ಯಾನ."

"ನಾ ಬಂದ್ರ ನನಗೂ ಕೊಡ್ತೀರಿ?"

"ಕೊಡದ ಏನು! ನಾ ಇರೂತನ ಯಾಂವ ಬ್ಯಾಡ ಅಂತಾನ?" ಅಂದೆ. ಇದೊಂದು ಜಂಬ ನಾ ಕೊಚ್ಚಬಾರದಾಗಿತ್ತು.

ಆಕಿ ಬಂದ್ಲು, ಮಗಳನ್ನ ಕರಕೊಂಡ ಬಂದ್ಲು, ಓಣಿಯ ನಾಕ ಮಂದೀನ ಎಳಕೊಂಡ ಬಂದ್ಲು. ಹಾಡಾಕ ಕುಂತ್ರ ರಾಗ ಒಂದ ಕಡೆ, ಆಕಿ ಒಂದ ಕಡೆ, ಆದ್ರ ದನಿ ಪ್ಯಾಟಿತನ ಕೇಳೂದು. ದೀಕ್ಷಾಸ್ನಾನ ಆತು. ಎಲ್ಲಾರೂ ಚಪ್ಪಾಳಿ ಹೊಡದ್ರು, ಫೋಟೋ ತಗದು ಸಭೆಯ ಮ್ಯಾಲಿನ ಆಫೀಸಿನವರಿಗೆ ಕಳಸಿದ್ರು. ಇನ್ನ ಬರೂ ಐತವಾರ ಆಕಿಗೆ ಮೊದಲ ಪವಿತ್ರ ಭೋಜನ.

ಶನಿವಾರ ಸಂಜಿ ಎಲಿಷಾ ಮಾಸ್ತರು ನಮ್ಮ ಮನಿಗೆ ಬಂದ್ರು. ಸಾಲಿ ಹೆಡ್ ಮಾಸ್ತರಾಗಿ ನಿವೃತ್ತಿ ಆದವರು, ನಮ್ಮ ಸಭೆಯ ಹಿರಿಯರು, ಬೆಳ್ಳಿ ಬಟ್ಟಲ ಒಯ್ಯಾವರು ಇವರ. ಬಿಳೀ ಶರ್ಟು, ಇಸ್ತ್ರಿ ಮಾಡಿದ ಧೋತರ. ಕೆಟ್ಟ ಮನಶ್ಯಾ ಅಲ್ರಿ, ಹಂಗ ತಿಳಕೋಬ್ಯಾಡ್ರಿ. ಯಾರಿಗರೆ ಜಡ್ಡಾದ್ರ ಮೊದಲ ಓಡಾವರು ಅವರ. ದುರ್ಗವ್ವನ ಮಗಳಿಗೆ ಸಾಲಿ ಪುಸ್ತಕ ಕೊಡಿಸಿದವರೂ ಅವರ. ಕೊಡೂದು ಅವರಿಗೆ ಚಲೋ ಬರ್ತಿತ್ತು. ಕೂಡಿ ಕುಡಿಯೂದು ಬರ್ತಿದ್ದಿಲ್ಲ.

ಕೈಯಾಗ ಒಂದ ಡಬ್ಬಿ. ಬಿಚ್ಚಿದ್ರು. ಸ್ಟೀಲಿನ ಹರಿವಾಣ, ಅದರಾಗ ತೂತು, ತೂತಿನಾಗ ಸಣ್ಣ ಸಣ್ಣ ಗಾಜಿನ ಬಟ್ಟಲು. ಗೊಂಬಿ ಮದಿವ್ಯಾಗ ಇಡೂವಂಥಾವು.

"ಏನ್ರಿ ಮಾಸ್ತರ ಇದು?"

"ಈಗಿನ ಕಾಲದಾಗ ರೋಗ ಭಾಳ, ಪಾದ್ರಿಯವ್ರ. ಒಬ್ಬೊಬ್ಬರಿಗೆ ಒಂದೊಂದು ಇರಲಿ ಅಂತ."

"ಕರೋನಾ ಮುಗದು ಗುಡಿ ಬಾಗಲ ತಗದಾಗ ದೊಡ್ಡ ಬಟ್ಟಲಕ್ಕ ಮೊದಲ ಬಾಯಿ ಹಚ್ಚಿದವರು ನೀವ ಅಲ್ರೀ?"

"ಅದು ಬ್ಯಾರೆ ಕಾಲ."

"ಹೌದ್ರಿ. ಅದು ರೋಗದ ಕಾಲ."

ಮಾಸ್ತರು ಡಬ್ಬಿ ಮುಚ್ಚಳ ಹಾಕಿದ್ರು. "ನಿಮ್ಮ ಚ್ಯಾಷ್ಟಿ ನನಗ ಗೊತ್ತೈತಿ. ಹಿರಿಯರ ಸಭಾದಾಗ ಠರಾವ್ ಆಗೇತಿ. ಬೆಳ್ಳಿ ಬಟ್ಟಲ ನಮ್ಮ ಮನಿ ಕಪಾಟಿನಾಗ ಇಟ್ಟೀನಿ, ಬೆಳ್ಳಿದು, ಕಳುವಾದೀತು."

ಪಾದ್ರಿ ಅಂದ್ರ ಇವತ್ತ ಇಲ್ಲಿ, ನಾಳೆ ಇನ್ನೊಂದ ಊರು. ಠರಾವ್ ಅವರದು. ನನ್ನ ಕೈಯಾಗ ಇದ್ದದ್ದು ಬಾಯಿ. ಮರದಿವಸ ಅದನ್ನ ಹರಿಬಿಟ್ಟೆ. ಒಂದ ಬಟ್ಟಲದ ಮ್ಯಾಲೆ, ಮ್ಯಾಲು ಕೀಳಿನ ಮ್ಯಾಲೆ, ಯೇಸುಸ್ವಾಮಿ ಯಾರ್ಯಾರ ಜೋಡಿ ಕುಂತ ಉಂಡ ಅನ್ನೂದರ ಮ್ಯಾಲೆ ಬೆವರ ಇಳಿಸಿ ಪ್ರಸಂಗ ಮಾಡಿದೆ. ಹೊರಗ ಹೋಗೂವಾಗ ಎಲ್ಲಾರೂ ಕೈ ಕುಲಕಿದ್ರು. "ಇವತ್ತಿನ ಪ್ರಸಂಗ ಭಾಳ ಚಲೋ ಆತ್ರಿ, ಸಣ್ಣದೂ ಇತ್ತು" ಅಂದ್ರು. ಒಳಗ ಎಲ್ಲಾರೂ ಸಣ್ಣ ಬಟ್ಟಲದಾಗ ಕುಡದಿದ್ರು.

ದುರ್ಗವ್ವ ತನ್ನ ಬಟ್ಟಲ ಬೆಳಕಿಗೆ ಹಿಡದು ನೋಡಿದ್ಲು, ಕುಡದ್ಲು. ಆಮ್ಯಾಲೆ ನನ್ನ ಹಂತೇಲೆ ಬಂದು, "ಯಪ್ಪಾ, ದೊಡ್ಡ ಬಟ್ಟಲ ಎಲ್ಲಿ ಹೋತು?" ಅಂದ್ಲು.

"ತೊಳ್ಯಾಕ ಹೋಗೇತಿ ಯವ್ವಾ" ಅಂದೆ.

"ನಾ ಬಾಯಿ ಹಚ್ಚೂಕಿಂತ ಮೊದಲ ತೊಳ್ಯಾಕ ಕಳಸಿದ್ರೇನು?" ಅಂದು ನಕ್ಕಳು. ಆ ನಗಿ ಮುಂದ ನನ್ನ ಚ್ಯಾಷ್ಟಿ ಯಾವ ಮೂಲಿಗೆ.

ಅಷ್ಟರಾಗ ಮಾಸ್ತರು ಹರಿವಾಣ ತಂದು ಆಕಿ ಮುಂದ ಇಟ್ಟು, "ತಂಗಿ, ಇವನ್ನಷ್ಟು ತೊಳದಿಟ್ಟ ಹೋಗು" ಅಂದ್ರು. ಕೆಟ್ಟದ್ದು ಮಾಡಾಕತ್ತೀನಿ ಅಂತ ಅವರಿಗೆ ಖಬರ ಇದ್ದಿಲ್ಲ. ಆಕಿ ಬಾಯಿ ಹತ್ತಬಾರದು ಅಂತ ತಂದ ಬಟ್ಟಲಕ್ಕ ಆಕಿ ಕೈ ಹತ್ತಬಹುದು! ನಾ ಹರಿವಾಣ ಕಸಗೊಂಡೆ. "ಇವತ್ತಿಂದ ಇದು ನನ್ನ ಕೆಲಸ" ಅಂದೆ.

"ನೀವೇನ್ರಿ? ಪಾದ್ರಿಗೋಳು?"

"ಯಾಕ, ಪಾದ್ರಿಗೆ ಕೈ ಇಲ್ಲೇನ್ರಿ?"

ಇದ್ವು ಖರೆ, ಆದ್ರ ಲಗ್ನ ಆದಾಗಿಂದ ಒಂದ ಕಪ್ಪು ತೊಳದಿದ್ದಿಲ್ಲ. ನಿಲುವಂಗಿ ತೋಳ ಏರಿಸಿ ಹಿತ್ತಲದ ನಳದ ಕೆಳಗ ಕುಂತೆ. ನಮ್ಮ ಮನ್ಯಾಕಿ ಸೆರಗ ಬಾಯಿಗಿಟ್ಕೊಂಡು ನಗಾಕತ್ತಿದ್ಲು. ಸಾಬೂನ ಜಾಸ್ತಿ ಆತು, ಒಂದ ಬಟ್ಟಲ ಜಾರಿ ಕಲ್ಲಿಗೆ ಬಿತ್ತು, ಟಣ್ ಅಂತ ಒಡೀತು. ಖರೇ ಜಾರಿತ್ತು, ಆಣಿ ಮಾಡಿ ಹೇಳತೀನಿ. ಮಾಸ್ತರ ಮಾರಿ ನೋಡಿದೆ. ತಮ್ಮದೇ ಹಲ್ಲ ಬಿದ್ದಂಗ ಆಗಿತ್ತು.

ಜೀವಮಾನದಾಗ ದೇವರು ನನಗ ದರ್ಶನ ಕೊಟ್ಟದ್ದು ಅವತ್ತ ಒಂದ ಸಲ, ಆ ಸಾಬೂನಿನ ನೊರಿಯಾಗ. ಈ ಬಟ್ಟಲ ಮುಗದು ಹೋದ್ರ? ಕಪಾಟಿನ ಕೀಲಿ ತಗೀಲೇಬೇಕಲ್ಲ!

ಬಟ್ಟಲ ಒಡಿಯೂದು ಒಂದ ವಿದ್ಯಾ. ಒಮ್ಮಿಗೇ ಎಲ್ಲಾ ಒಡದ್ರ ಅದು ಹುಚ್ಚು. ಒಂದೊಂದ ಒಡದ್ರ ಅದು ಪಾದ್ರಿಯ ಮುಪ್ಪು. ಒಂದ ತಿಂಗಳ ಸಾಬೂನ ಜಾರೂದು, ಇನ್ನೊಂದ ತಿಂಗಳ ಕೈ ನಡಗೂದು. ಒಮ್ಮೆ ಬೆಕ್ಕು ಬಂದಿತ್ತು. ಬೆಕ್ಕು ಬರಲಿಲ್ಲ ಅಂದ್ರ ಕರೀತಿದ್ದೆ. ಮಾಸ್ತರು ಹುಬ್ಬಳ್ಳಿಗೆ ಹೋದಾಗ ಮತ್ತೊಂದಿಷ್ಟು ತಂದ್ರು. ಅವಕ್ಕೂ ನನ್ನ ಮುಪ್ಪು ಹತ್ತಿತು. "ಪಾದ್ರಿಯವ್ರ, ನಿಮ್ಮ ಕೈಗೆ ಏನಾಗೇತಿ, ಡಾಕ್ಟರಿಗೆ ತೋರಸ್ರಿ" ಅಂತ ಒಬ್ಬರು ಕಳವಳದಿಂದ ಅಂದ್ರು. ತೋರಿಸಿದೆ. ಡಾಕ್ಟರು ಏನೂ ಆಗಿಲ್ಲ ಅಂದ್ರು. ಅದನ್ನ ಯಾರಿಗೂ ಹೇಳಲಿಲ್ಲ.

ಮಾಸ್ತರು ಮ್ಯಾಲಿನವರಿಗೆ ದೂರು ಕೊಟ್ರು. ದೊಡ್ಡ ಪಾದ್ರಿಗೋಳು ಕಾರಿನಾಗ ಬಂದ್ರು. ಸಭೆಯ ಸಾಮಾನು ಹ್ಯಾಂಗ ಜ್ವಾಕಿ ಮಾಡಬೇಕು ಅಂತ ನನಗ ತಾಸಗಟ್ಟಲೆ ಬುದ್ಧಿ ಹೇಳಿದ್ರು. ನಾ ಬಟ್ಟಲದ ಕತಿ ಪೂರ್ತಿ ಬಿಚ್ಚಿ ಹೇಳಿದೆ. ಅವರು ಕನ್ನಡಕ ಒರಸ್ಕೋತ, "ವಿಷಯ ಸೂಕ್ಷ್ಮ ಐತಿ. ನಿಮ್ಮನ್ನ ಸಾಮಾಜಿಕ ನ್ಯಾಯದ ತರಬೇತಿಗೆ ಕಳಸ್ತೀನಿ" ಅಂದ್ರು. ಹೋಗಿ ಬಂದೆ. ಚಲೋ ಇತ್ತು. ಎಲ್ಲಾ ಊರಿನ ಪಾದ್ರಿಗೋಳು ಸೇರಿ ಭೇದಭಾವ ಖಂಡಿಸಿದ್ವಿ. ಅಲ್ಲಿ ಛಾ ಕಾಗದದ ಕಪ್ಪಿನಾಗ ಕೊಟ್ರು, ಒಡಿಯಾಕ ಬರೂಹಂಗಿದ್ದಿಲ್ಲ.

ಈಸ್ಟರ್ ಬಂತು. ಮಾಸ್ತರ ಮಗಳ ಗಂಡನ ಮನಿಯವರು, ಅಂದ್ರ ಬೀಗರು, ಗಾಡಿ ತುಂಬ ಬಂದಿದ್ರು. ಸೂಡಿಯಿಂದ, ರೋಣದಿಂದ ನೆಂಟರು. ಗುಡಿ ತುಂಬಿ ಹೊರಗ ಚಪ್ಪಲಿ ಇಡಾಕ ಜಾಗಾ ಇಲ್ಲ. ಮಾಸ್ತರು ನೆಂಟರನ್ನೂ ಹಿಡದು ಅಂದಾಜಿನ ಮ್ಯಾಲೆ ಬಟ್ಟಲ ಹೊಂದಿಸಿದ್ರು, ಮಂದಿ ಅಂದಾಜು ಮೀರಿ ಬಂದಿತ್ತು. ನಾ ವೇದಿ ಮ್ಯಾಲೆ ನಿಂತು ಮನಸ್ಸಿನಾಗ ಕುಣದೆ. ಇವತ್ತ ಬಟ್ಟಲ ಕಡಿಮಿ ಬೀಳತಾವು. ಮಾಸ್ತರು ಮನಿಗೆ ಓಡತಾರ, ಬೆಳ್ಳಿ ಬಟ್ಟಲ ಬರತೈತಿ.

ರೊಟ್ಟಿ ಕೊಟ್ಟು ಮುಗಿಸಿದೆ. ಮಾಸ್ತರು ಹರಿವಾಣ ಹಿಡದು ಹೊಂಟ್ರು. ಮೊದಲ ಬೆಂಚು, ಬೀಗರು. ಎರಡನೇ ಬೆಂಚು. ಮೂರನೇದು. ಹರಿವಾಣದ ತೂತು ಒಂದೊಂದ ಖಾಲಿ ಆಗಾಕ ಹತ್ತಿದ್ವು. ಅವಾಗ ಕಡೀ ಬೆಂಚು ನನ್ನ ಕಣ್ಣಿಗೆ ಬಿತ್ತು. ಇಷ್ಟ ಬಟ್ಟಲ ಒಡದ ಶಾಣ್ಯಾಗ ಒಂದ ಮಾತು ಹೊಳದಿದ್ದಿಲ್ಲ. ಯಾವುದ ಕಡಿಮಿ ಬಿದ್ರೂ ಅದು ಕಡೀ ಬೆಂಚಿಗೇ ಬೀಳತೈತಿ. ಕಡೀ ಬೆಂಚಿನ ಕಡೀಕ, ಬಾಗಲ ಹಂತೇಲೆ, ದುರ್ಗವ್ವ ಕುಂತಿದ್ಲು. ಹಿರಿಯರು ಇಷ್ಟ ದಿನ ಆಕಿಗೆ ಸಣ್ಣ ಬಟ್ಟಲದಾಗರೆ ಕೊಟ್ಟಿದ್ರು. ಅದನ್ನೂ ಕಸಗೊಂಡಾಂವ ನಾ ಆದೆ.

ಮಾಸ್ತರು ಆಕಿ ಮುಂದ ನಿಂತಾಗ ಹರಿವಾಣದಾಗ ಒಂದ ಬಟ್ಟಲ ಉಳದಿತ್ತು. ಕುಡಿಯಾವರು ಇಬ್ಬರು. ಆಕಿ, ಆಮ್ಯಾಲೆ ಅವರು.

ದುರ್ಗವ್ವ ನೋಡಿದ್ಲು. ಕೈ ಸೆರಗಿನಾಗ ಇಟ್ಕೊಂಡ್ಲು. ಆಕಿಗೆ ಸಣ್ಣ ದನಿಲೆ ಮಾತಾಡಾಕ ಬರ್ತಿದ್ದಿಲ್ಲ, ಹೇಳೇನಲ್ಲ. "ನೀವ ಕುಡೀರಿ ಮಾಸ್ತರ. ನಾ ಮುಂದಿನ ತಿಂಗಳ ಕುಡೀತೀನಿ. ತಡಾ ಆಗಿ ಸಿಗೂದು ನನಗೇನ ಹೊಸಾದಲ್ಲ."

ಇಡೀ ಗುಡಿ ಹೊಳ್ಳಿ ನೋಡಿತು. ಬೀಗರೂ ನೋಡಿದ್ರು. ಮೂರ ಊರಾಗ ಬಾಯಿಬಡಕ ಅಂತ ಹೆಸರ ತಗೊಂಡ ನನ್ನ ಹಂತೇಲೆ ಅವತ್ತ ಪ್ರಸಂಗ ಇಲ್ಲ, ಚ್ಯಾಷ್ಟಿ ಇಲ್ಲ, ಕರಿಯಾಕ ಒಂದ ಬೆಕ್ಕೂ ಇಲ್ಲ.

ಮಾಸ್ತರು ನಿಂತ ಬಿಟ್ರು. ಮುಂದ ಹೋದ್ರ ಆಕೀನ್ನ ದಾಟಿ ಹೋಗಬೇಕು. ಕೊಟ್ರ ತಾವು ಕುಡಿಯಾಕಿಲ್ಲ. ಹಿರಿಯರು ಕುಡೀಲಾರದ ಭೋಜನ ಮುಗಿಯಂಗಿಲ್ಲ, ಅದು ಅವರದೇ ಪದ್ಧತಿ.

"ತಂಗಿ," ಅಂದ್ರು. ಬಟ್ಟಲ ಎತ್ತಿ ಆಕಿ ಮುಂದ ಹಿಡದ್ರು. "ನೀ ಕುಡಿ. ಅರ್ಧಾ ಬಿಡು."

ಆಕಿ ಅವರ ಮಾರಿ ನೋಡಿದ್ಲು, ಬಟ್ಟಲ ನೋಡಿದ್ಲು. ಆ ಬಟ್ಟಲದಾಗ ಎಷ್ಟ ಹಿಡೀತಿತ್ತು ಹೇಳ್ರಿ, ಒಂದ ಗುಟಕು. ಅದರಾಗ ಅರ್ಧಾ ಕುಡದು, ಅರ್ಧಾ ಬಿಟ್ಟು, ಹೊಳ್ಳಿ ಕೊಟ್ಲು.

"ತಪ್ಪಾತವ್ವ" ಅಂದ್ರು ಮಾಸ್ತರು.

"ಲಗೂ ಕುಡೀರಿ ಮಾಸ್ತರ, ಬೀಗರು ಉಣ್ಣಾಕ ಕಾಯಾಕತ್ತಾರ" ಅಂದ್ಲು ದುರ್ಗವ್ವ.

ಅವರು ಕುಡದ್ರು.

ಆಮ್ಯಾಲೆ ಎಲ್ಲಾ ನೆಟ್ಟಗಾತು ಅಂತ ತಿಳಕೊಂಡ್ರೇನು? ಎರಡ ಮನಿಯವರು ನಮ್ಮ ಗುಡಿ ಬಿಟ್ಟು ಗದಗಿನ ಕಡೆ ಹೋಗಾಕ ಹತ್ತಿದ್ರು, ಅಲ್ಲಿ ಹಾಡು ಚಲೋ ಇರತಾವಂತ. ಮಾಸ್ತರ ಬೀಗರು ಮುಂದಿನ ಹಬ್ಬಕ್ಕ ಬರಲಿಲ್ಲ. ಮಗಳು ಒಬ್ಬಾಕಿನ ಬಂದ್ಲು, ಮಾರಿ ಸಣ್ಣ ಮಾಡ್ಕೊಂಡು. ಅದಕ್ಕ ಮಾಸ್ತರು ನನಗ ಒಂದ ಮಾತೂ ಬೈಲಿಲ್ಲ, ಬೈದಿದ್ರ ಹಗರ ಆಗತಿತ್ತು. ಬೆಳ್ಳಿ ಬಟ್ಟಲ ಮಾತ್ರ ಮುಂದಿನ ತಿಂಗಳ ವೇದಿ ಮ್ಯಾಲೆ ಬಂದ ಕುಂತಿತ್ತು. ಯಾರು ತಂದ್ರು, ಯಾವಾಗ ತಂದ್ರು ಅಂತ ಯಾರೂ ಕೇಳಲಿಲ್ಲ, ಠರಾವೂ ಆಗಲಿಲ್ಲ. ದುರ್ಗವ್ವ ಎರಡೂ ಕೈಲೆ ಹಿಡದು ದೊಡ್ಡ ಗುಟಕು ಹೊಡದ್ಲು. ಪಕ್ಕದಾಕಿ "ನಮಗೂ ಬಿಡ ಯವ್ವಾ" ಅಂದ್ಲು.

ಈಗ ಸುಳ್ಳು ಯಾವುದು ಹೇಳತೀನಿ. ರೊಟ್ಟಿ ಅಲ್ಲ, ಬೆಕ್ಕೂ ಅಲ್ಲ, ತರಬೇತಿ ಅಂತೂ ಖರೇನ ಖರೆ. ಮಾಸ್ತರು "ತಪ್ಪಾತವ್ವ" ಅಂದ್ರು ಅಂತ ಬರದೆನಲ್ಲ, ಅದೊಂದು ನಾ ಹುಟ್ಟಿಸಿದ್ದು. ಅವರು ಹಂಗ ಅನ್ನಲಿ ಅಂತ ನನಗ ಭಾಳ ಆಸೆ ಇತ್ತು. ಅವರು ಅನ್ನಲಿಲ್ಲ. ಕುಡದು, ಹರಿವಾಣ ಅಲ್ಲೇ ಬೆಂಚಿನ ಮ್ಯಾಲೆ ಇಟ್ಟು, ಆ ಒಂದ ಬಟ್ಟಲ ಹಿಡಕೊಂಡು ಬೀಗರ ಮುಂದಿಂದ ಹಾದು ಹಿತ್ತಲಕ್ಕ ಹೋದ್ರು. ಇಸ್ತ್ರಿ ಧೋತರ ಎತ್ತಿಕಟ್ಟಿ ನಳದ ಕೆಳಗ ಕುಂತು ತೊಳದ್ರು.

ನೆಟ್ಟಗ ತೊಳದಿದ್ದಿಲ್ಲ, ತಳದಾಗ ರಸದ ಬಣ್ಣ ಹಂಗ ಇತ್ತು. ಅವರು ಹೋದ ಮ್ಯಾಲೆ ನಾ ಮತ್ತೊಮ್ಮೆ ತೊಳದೆ. ಒಡೀಲಿಲ್ಲ.